ಬೇರೆಯವರ ನೋವು ನಮಗೇ ಜಾಸ್ತಿ ತಟ್ಟುತ್ತಾ? ಪದೇ ಪದೇ ಕೇಳುವ ಪ್ರಶ್ನೆಗಳು

ಮನೆಗೆ ಬಂದವರು ಬಾಗಿಲಲ್ಲಿ ಚಪ್ಪಲಿ ಬಿಡುವಷ್ಟರಲ್ಲೇ ಅವರ ಮೂಡು ಹೇಗಿದೆ ಅಂತ ಕೆಲವರಿಗೆ ಗೊತ್ತಾಗಿಬಿಡುತ್ತದೆ. ಯಾರೋ ಅತ್ತರೆ ಇವರ ಗಂಟಲು ಕಟ್ಟುತ್ತದೆ. ಯಾರೋ ಯಾರನ್ನೋ ಬೈದರೆ ಇವರಿಗೆ ಊಟ ಸೇರುವುದಿಲ್ಲ. "ಎಲ್ಲಾ ಮನಸ್ಸಿಗೆ ಹಚ್ಚಿಕೊಳ್ತೀಯ ನೀನು" ಅಂತ ಬೈಸಿಕೊಂಡೇ ಬೆಳೆದವರು ಇವರು. ನಾನೂ ಇದೇ ಗುಂಪಿನಲ್ಲಿ ಬರುತ್ತೇನೆ. ಇಂಥವರು ಮತ್ತು ಇಂಥವರ ಜೊತೆ ಬಾಳುವವರು ಕೇಳುವ ಪ್ರಶ್ನೆಗಳನ್ನು ಇಲ್ಲಿ ಒಟ್ಟು ಮಾಡಿದ್ದೇನೆ.

ಇದು ಕಾಯಿಲೆನಾ?

ಅಲ್ಲ, ಸ್ವಭಾವ. ಅಮೆರಿಕದ ಮನಶ್ಶಾಸ್ತ್ರಜ್ಞೆ ಎಲೈನ್ ಆರನ್ 1990ರ ದಶಕದಲ್ಲಿ ಇಂಥವರನ್ನು 'ಹೈಲಿ ಸೆನ್ಸಿಟಿವ್ ಪರ್ಸನ್' (ತುಂಬಾ ಸೂಕ್ಷ್ಮ ಮನಸ್ಸಿನವರು) ಅಂತ ಕರೆದರು. 1996ರಲ್ಲಿ ಇದೇ ಹೆಸರಿನ ಪುಸ್ತಕ ಬರೆದರು. ಮಾರನೇ ವರ್ಷ ಗಂಡ ಆರ್ಥರ್ ಆರನ್ ಜೊತೆ ಸೇರಿ 27 ಪ್ರಶ್ನೆಗಳ ಒಂದು ಪಟ್ಟಿಯನ್ನೂ ಪ್ರಕಟಿಸಿದರು. ವೈದ್ಯರು ಮಾನಸಿಕ ಕಾಯಿಲೆ ಗುರುತಿಸಲು ಇಟ್ಟುಕೊಳ್ಳುವ ಯಾವ ಪಟ್ಟಿಯಲ್ಲೂ ಈ ಸ್ವಭಾವ ಸೇರಿಲ್ಲ.

ಅಪರೂಪವೂ ಅಲ್ಲ. ನೂರರಲ್ಲಿ 15ರಿಂದ 20 ಜನ ಹೀಗಿರುತ್ತಾರೆ ಅಂತ ಆರನ್ ಮೊದಲು ಹೇಳಿದ್ದರು. 2018ರಲ್ಲಿ ಪ್ರಕಟವಾದ ಒಂದು ಅಧ್ಯಯನ ಜನರನ್ನು ಮೂರು ಗುಂಪು ಮಾಡಿತು. ಅದರಲ್ಲಿ ಜಾಸ್ತಿ ಸೂಕ್ಷ್ಮ ಇರುವವರು ಸುಮಾರು 31, ನಡುವಿನವರು 40, ಕಡಿಮೆಯವರು 29. ಅಂದರೆ ಒಂದು ಮನೆಯಲ್ಲಿ ಐದಾರು ಜನ ಇದ್ದರೆ ಒಬ್ಬರಾದರೂ ಇರಬಹುದು. ಎಲ್ಲರೂ ಅವರನ್ನು "ಸ್ವಲ್ಪ ಸೆನ್ಸಿಟಿವ್ವು" ಅಂತ ನಗುತ್ತಾ ಸಾಗಹಾಕಿರುತ್ತಾರೆ, ಅಷ್ಟೇ.

ನಾನು ಆ ಗುಂಪಿನವಳಾ ಅಂತ ಹೇಗೆ ತಿಳಿಯೋದು?

ಆರನ್ ಅವರ ಪಟ್ಟಿ ನೋಡಿದರೆ ಒಂದು ವಿಷಯ ಆಶ್ಚರ್ಯ ತರುತ್ತದೆ. ಅದರಲ್ಲಿ ಹಲವು ಪ್ರಶ್ನೆಗಳು ಜೋರು ಸದ್ದು, ಕಣ್ಣಿಗೆ ಹೊಡೆಯುವ ಬೆಳಕು, ಒರಟು ಬಟ್ಟೆ, ಹಸಿವು, ಕಾಫಿ ಇಂಥವುಗಳ ಬಗ್ಗೆ. ಬೇರೆಯವರ ಮೂಡು ನಿಮ್ಮನ್ನು ಕಾಡುತ್ತದಾ ಅನ್ನುವುದು ಅದರಲ್ಲಿ ಬರೀ ಒಂದು ಪ್ರಶ್ನೆ.

ಭಾವನೆಯ ವಿಷಯಕ್ಕೇ ಬೇಕೆಂದರೆ ನನಗೆ ಅಮೆರಿಕದ ಮನಶ್ಶಾಸ್ತ್ರಜ್ಞ ಮಾರ್ಕ್ ಡೇವಿಸ್ 1980ರ ದಶಕದಲ್ಲಿ ಮಾಡಿದ 28 ಪ್ರಶ್ನೆಗಳ ಪಟ್ಟಿ ಹೆಚ್ಚು ಹಿಡಿಸುತ್ತದೆ. ಯಾಕೆಂದರೆ ಅದು ಎರಡು ವಿಷಯಗಳನ್ನು ಬೇರೆ ಮಾಡಿ ಕೇಳುತ್ತದೆ. ಒಬ್ಬರ ಕಷ್ಟ ಕಂಡಾಗ ಅವರ ಬಗ್ಗೆ ಮರುಕ ಹುಟ್ಟುತ್ತದಾ? ಅಥವಾ ನಿಮಗೇ ದಿಗಿಲಾಗಿ, ಕೈಕಾಲು ಆಡದೆ, ಅಲ್ಲಿಂದ ಓಡಿಹೋಗಬೇಕು ಅನಿಸುತ್ತದಾ? ಹೊರಗಿನಿಂದ ನೋಡುವವರಿಗೆ ಎರಡೂ ಒಂದೇ, ಕಣ್ಣಲ್ಲಿ ನೀರು. ಒಳಗೆ ಒಂದಕ್ಕೊಂದು ಸಂಬಂಧವೇ ಇಲ್ಲ. ನಮ್ಮಲ್ಲಿ ಬಹಳ ಜನ ಎರಡನೆಯದನ್ನೇ ಮೊದಲನೆಯದು ಅಂದುಕೊಂಡು ಹೆಮ್ಮೆಯಿಂದ ಓಡಾಡುತ್ತೇವೆ. ಕೆಳಗಿನ ಅರ್ಧ ಉತ್ತರಗಳು ಈ ವ್ಯತ್ಯಾಸದ ಮೇಲೇ ನಿಂತಿವೆ.

ಯಾರೋ ಅತ್ತರೆ ನನಗೂ ಯಾಕೆ ಅಳು ಬರುತ್ತೆ?

ಭಾವನೆ ಅಂಟುತ್ತದೆ, ಅದಕ್ಕೆ. ಹುಟ್ಟಿ ಒಂದೆರಡು ದಿನ ಆದ ಕೂಸು ಕೂಡ ಪಕ್ಕದ ಕೂಸು ಅತ್ತರೆ ತಾನೂ ಅಳುತ್ತದೆ. ಅದೇ ಕೂಸಿಗೆ ಅದರದೇ ಅಳುವನ್ನು ರೆಕಾರ್ಡ್ ಮಾಡಿ ಕೇಳಿಸಿದರೆ ಅಷ್ಟು ಅಳುವುದಿಲ್ಲ. ದೊಡ್ಡವರಾದ ಮೇಲೂ ಎದುರಿನವರ ಮುಖ, ದನಿ, ಕೂರುವ ಭಂಗಿಯನ್ನು ನಮಗೆ ಗೊತ್ತಿಲ್ಲದೆ ಅನುಕರಿಸುತ್ತಲೇ ಇರುತ್ತೇವೆ. ಮುಖ ಹಾಗಾದರೆ ಮನಸ್ಸೂ ಹಿಂದೆಯೇ ಹೋಗುತ್ತದೆ.

2004ರಲ್ಲಿ ಮಿದುಳಿನ ಸಂಶೋಧಕಿ ಟಾನಿಯಾ ಸಿಂಗರ್ ಮತ್ತು ಜೊತೆಗಾರರು ಲಂಡನ್ನಿನಲ್ಲಿ ಒಂದು ಪ್ರಯೋಗ ಮಾಡಿದರು. 16 ಜೋಡಿಗಳು. ಹೆಂಗಸು ಮಿದುಳಿನ ಸ್ಕ್ಯಾನರ್ ಒಳಗೆ, ಅವಳ ಸಂಗಾತಿ ಪಕ್ಕದಲ್ಲಿ. ಒಮ್ಮೆ ಅವಳ ಕೈಗೆ ಸಣ್ಣ ಶಾಕ್, ಇನ್ನೊಮ್ಮೆ ಅವನ ಕೈಗೆ. ನೋವಿನ ಸಂಕಟವನ್ನು ಅನುಭವಿಸುವ ಮಿದುಳಿನ ಭಾಗಗಳು ಎರಡೂ ಸಲ ಕೆಲಸ ಮಾಡಿದವು. ಕೈಯಲ್ಲಿ ಎಲ್ಲಿ, ಎಷ್ಟು ಉರಿಯಿತು ಅಂತ ಲೆಕ್ಕ ಇಡುವ ಭಾಗ ಮಾತ್ರ ತನಗೇ ಶಾಕ್ ಬಿದ್ದಾಗ ಎದ್ದಿತು. ಪ್ರಶ್ನೆಪಟ್ಟಿಯಲ್ಲಿ ಎಂಪಥಿಯ (ಬೇರೆಯವರ ಭಾವನೆ ತನಗೂ ತಟ್ಟುವ ಗುಣದ) ಅಂಕ ಜಾಸ್ತಿ ಇದ್ದ ಹೆಂಗಸರಲ್ಲಿ ಈ ಚಟುವಟಿಕೆಯೂ ಜಾಸ್ತಿ ಇತ್ತು. ಹಾಗಾಗಿ "ಅವನಿಗೆ ನೋವಾದರೆ ನನ್ನ ಕರುಳು ಚುರ್ ಅನ್ನುತ್ತೆ" ಅನ್ನುವುದು ಬರೀ ಮಾತಲ್ಲ. ಆದರೆ ಅವನ ಸುಟ್ಟ ಬೆರಳು ನಿಮ್ಮ ಬೆರಳಾಗುವುದಿಲ್ಲ.

ಇದಕ್ಕೆಲ್ಲ ಮಿರರ್ ನ್ಯೂರಾನ್ ಕಾರಣ ಅಂತಾರಲ್ಲ?

ವಿಡಿಯೋಗಳಲ್ಲಿ ಹಾಗೇ ಹೇಳುತ್ತಾರೆ. ಇಟಲಿಯ ಪಾರ್ಮಾದಲ್ಲಿ ಜಿಯಾಕೊಮೊ ರಿಝೊಲಾಟಿ ಅವರ ತಂಡ 1990ರ ದಶಕದ ಶುರುವಿನಲ್ಲಿ ಅವನ್ನು ಕಂಡದ್ದು ಮಕಾಕ್ ಕೋತಿಗಳಲ್ಲಿ. ಕೋತಿ ತಾನು ಏನಾದರೂ ಹಿಡಿದಾಗ ಕೆಲಸ ಮಾಡುವ ನರಕೋಶ, ಬೇರೊಬ್ಬರು ಹಿಡಿಯುವುದನ್ನು ನೋಡಿದಾಗಲೂ ಕೆಲಸ ಮಾಡಿತು. ಅಲ್ಲಿಂದ ಅತ್ತಿಗೆಯ ಕಣ್ಣೀರಿನ ತನಕ ದಾರಿ ತುಂಬಾ ಉದ್ದ ಇದೆ.

ಹುಟ್ಟಿನಿಂದ ಬಂದದ್ದಾ, ಬೆಳೆದ ರೀತಿಯಿಂದಾನಾ?

ಎರಡೂ. 2020ರಲ್ಲಿ ಪ್ರಕಟವಾದ ಅವಳಿ ಮಕ್ಕಳ ಅಧ್ಯಯನವೊಂದರ ಪ್ರಕಾರ, ಸೂಕ್ಷ್ಮತೆಯಲ್ಲಿ ಜನರ ನಡುವೆ ಕಾಣುವ ವ್ಯತ್ಯಾಸದಲ್ಲಿ ಸುಮಾರು ನೂರಕ್ಕೆ 47 ಪಾಲು ವಂಶವಾಹಿಯದು. ಉಳಿದದ್ದು ಬದುಕಿನದು.

ಈ 'ಬದುಕಿನದು' ಅನ್ನುವ ಕಡೆ ಸ್ವಲ್ಪ ನಿಲ್ಲಬೇಕು. ಅಪ್ಪ ಕುಡಿಯುವ ಮನೆಯ ಮಗುವನ್ನು ನೆನೆಸಿಕೊಳ್ಳಿ. ರಾತ್ರಿ ಒಂಬತ್ತಕ್ಕೆ ಸ್ಕೂಟರ್ ಗೇಟಿನ ಹತ್ತಿರ ಬರುತ್ತದೆ. ಸ್ಟ್ಯಾಂಡ್ ಒಂದೇ ಸಲಕ್ಕೆ ಬಿತ್ತಾ, ಎರಡು ಮೂರು ಸಲ ಒದ್ದರಾ? ಗೇಟಿನ ಚಿಲಕ ತೆಗೆಯಲು ಎಷ್ಟು ಹೊತ್ತು ಹಿಡಿಯಿತು? ಆ ಮಗು ಪುಸ್ತಕದಿಂದ ತಲೆ ಎತ್ತದೆ ಇಷ್ಟನ್ನೂ ಕೇಳಿಸಿಕೊಳ್ಳುತ್ತದೆ. ಅಪ್ಪ ಒಳಗೆ ಬರುವಷ್ಟರಲ್ಲಿ ತಮ್ಮನ ಆಟದ ಸಾಮಾನು ಮಂಚದ ಕೆಳಗೆ ಹೋಗಿರುತ್ತದೆ, ಟಿವಿ ಆರಿರುತ್ತದೆ. ಇಪ್ಪತ್ತು ವರ್ಷ ಆದ ಮೇಲೆ ಅದೇ ಮಗು ಆಫೀಸಿನಲ್ಲಿ ಬಾಸ್ ಲ್ಯಾಪ್‌ಟಾಪ್ ಮುಚ್ಚುವ ಸದ್ದಿಗೆ ಬೆಚ್ಚುತ್ತದೆ. ಜನ ಅದನ್ನು "ತುಂಬಾ ಎಂಪಥಿ ಇರೋ ಹುಡುಗಿ" ಅಂತ ಹೊಗಳುತ್ತಾರೆ. ನಿಜಕ್ಕೂ ಅದು ಕಾವಲು. ಯಾರಿಗೆ ಏನು ಬೇಕು ಅಂತ ತಿಳಿಯುವ ಆಸೆಗಿಂತ, ಯಾವಾಗ ಏನು ಬೀಳುತ್ತದೋ ಅನ್ನುವ ಭಯ ಅದರಲ್ಲಿ ಜಾಸ್ತಿ. ನಿಮ್ಮದು ಇಂಥದ್ದು ಅನಿಸಿದರೆ, ಅದನ್ನು ಹುಟ್ಟುಗುಣ ಅಂತ ಒಪ್ಪಿಕೊಂಡು ಸುಮ್ನಿರಬೇಡಿ. ಒಬ್ಬ ಆಪ್ತ ಸಲಹೆಗಾರರ ಹತ್ತಿರ ಮಾತಾಡಿದರೆ ನಿಜವಾಗಿಯೂ ಹಗುರ ಆಗುವಂಥದ್ದು ಇದು.

ನಾನು ಮುಖ ನೋಡಿದ ತಕ್ಷಣ ಮನಸ್ಸಲ್ಲಿ ಏನಿದೆ ಹೇಳ್ತೀನಿ. ಇದು ಶಕ್ತಿ ತಾನೇ?

ಏನೋ ಆಗಿದೆ ಅನ್ನುವುದು ನಿಮಗೆ ಬೇಗ ತಿಳಿಯುತ್ತದೆ, ಒಪ್ಪೋಣ. ಏನಾಗಿದೆ ಅನ್ನುವುದು ಬೇರೆ ಮಾತು. ಮ್ಯಾನೇಜರ್ ಮೀಟಿಂಗಿನಲ್ಲಿ ಮುಖ ಗಂಟು ಹಾಕಿಕೊಂಡು ಕೂತಿದ್ದಾರೆ. ನಿಮಗೆ ಎದೆ ಡವಡವ. ನನ್ನ ರಿಪೋರ್ಟ್ ಸರಿ ಹೋಗಿಲ್ಲ, ಅದಕ್ಕೇ. ಮಧ್ಯಾಹ್ನ ನೋಡಿದರೆ ಅವರು ಹಲ್ಲಿನ ಡಾಕ್ಟರ ಹತ್ತಿರ ಹೊರಟಿರುತ್ತಾರೆ, ಬೆಳಗಿನಿಂದ ದವಡೆ ಹಲ್ಲು ನೋವು.

ತಾನು ಬೇರೆಯವರನ್ನು ಚೆನ್ನಾಗಿ ಅರ್ಥ ಮಾಡಿಕೊಳ್ಳುತ್ತೇನೆ ಅನ್ನುವವರ ಅಂಕಕ್ಕೂ, ಪರೀಕ್ಷೆ ಇಟ್ಟಾಗ ಅವರು ನಿಜವಾಗಿ ಎಷ್ಟು ಸರಿ ಹೇಳುತ್ತಾರೆ ಅನ್ನುವುದಕ್ಕೂ ಸಂಬಂಧ ತೀರಾ ಸಣ್ಣದು. ಹಲವು ಅಧ್ಯಯನಗಳನ್ನು ಒಟ್ಟಿಗೆ ನೋಡಿ 2019ರಲ್ಲಿ ಲೆಕ್ಕ ಹಾಕಿದಾಗ ಅದು ನೂರಕ್ಕೆ ಒಂದರ ಆಸುಪಾಸು ಬಂತು. ನಮ್ಮಂಥವರಿಗೆ ಸ್ವಲ್ಪ ಮುಖಭಂಗವೇ. ಊಹೆ ಮಾಡಿದ ಮೇಲೆ ಕೇಳಿಬಿಡುವುದು ಒಳ್ಳೆಯದು. "ಇವತ್ತು ಸ್ವಲ್ಪ ಸಪ್ಪಗಿದ್ದೀರ, ಏನಾದ್ರೂ ಆಯ್ತಾ?" ಅಂತ ಒಂದು ಸಲ ಕೇಳಿ. "ಏನಿಲ್ಲ" ಅಂದರೆ ಅಲ್ಲಿಗೇ ಬಿಡಿ. ಮೂರು ಸಲ ಕೇಳಿದರೆ ಇಲ್ಲದ ಸಿಟ್ಟೂ ಬರುತ್ತದೆ.

ಸಾವಿನ ಮನೆಗೆ ಹೋಗಿ ಬಂದರೆ ವಾರಗಟ್ಟಲೆ ನಿದ್ದೆ ಇರಲ್ಲ. ಹೋಗದೇ ಇರಬಹುದಾ?

ದೂರದ ಪರಿಚಯ ಆದರೆ ಫೋನಿನಲ್ಲಿ ಮಾತಾಡಿ ಮುಗಿಸಬಹುದು. ಹತ್ತಿರದವರಾದರೆ ಹೋಗಲೇಬೇಕಾಗುತ್ತದೆ, ಹೋಗದಿದ್ದರೆ ಆಮೇಲೆ ಅದೇ ಕೊರೆಯುತ್ತದೆ.

ಹೋದಾಗ ಸುಮ್ನೆ ಗೋಡೆಗೆ ಒರಗಿ ಕೂರಬೇಡಿ, ಒಂದು ಕೆಲಸ ಹಿಡಿಯಿರಿ. ಹೆಣ ಎತ್ತುವ ತನಕ ಆ ಮನೆಯಲ್ಲಿ ಒಲೆ ಹಚ್ಚುವುದಿಲ್ಲ. ಪಕ್ಕದ ಮನೆಯಿಂದ ಫ್ಲಾಸ್ಕಿನಲ್ಲಿ ಕಾಫಿ ತರಿಸಬೇಕು. ಸಕ್ಕರೆ ಕಾಯಿಲೆ ಇರುವ ದೊಡ್ಡಮ್ಮ ಬೆಳಗಿನಿಂದ ಏನೂ ತಿಂದಿಲ್ಲ, ಅವರನ್ನು ಒಳಗೆ ಕರೆದು ಎರಡು ಬಿಸ್ಕತ್ತಾದರೂ ತಿನ್ನಿಸಬೇಕು. ಊರಿಂದ ಹೊರಟವರು ಎಲ್ಲಿದ್ದಾರೆ ಅಂತ ಫೋನ್ ಮಾಡುತ್ತಿರಬೇಕು. ಚಿಕ್ಕ ಮಕ್ಕಳನ್ನು ಮಹಡಿ ಮೇಲೆ ಕರೆದುಕೊಂಡು ಹೋಗಬೇಕು. ಇಂಥ ಮನೆಯಲ್ಲಿ ಕೆಲಸಕ್ಕೆ ಬರ ಇಲ್ಲ. ಕೈಗೆ ಕೆಲಸ ಸಿಕ್ಕಿದ ಕೂಡಲೇ ಗಮನ "ನನಗೆ ತಡೆಯೋಕಾಗ್ತಿಲ್ಲ" ಅನ್ನುವುದರಿಂದ "ಇವರಿಗೆ ಏನು ಬೇಕು" ಅನ್ನುವ ಕಡೆ ಹೊರಳುತ್ತದೆ. ಮೇಲೆ ಹೇಳಿದ ದಿಗಿಲು ಮರುಕವಾಗುವುದು ನಾನು ಕಂಡಂತೆ ಹೀಗೇ. ಅಳು ಬಂದರೆ ಅತ್ತುಬಿಡಿ, ಅದಕ್ಕೇನಂತೆ. ಆದರೆ ಮಗ ಕಳಕೊಂಡ ತಾಯಿಯೇ ನಿಮ್ಮನ್ನು ಸಮಾಧಾನ ಮಾಡುವ ಹಾಗೆ ಆಗಬಾರದು.

ಎಲ್ಲರೂ ನನ್ನ ಹತ್ತಿರವೇ ಗೋಳು ಹೇಳ್ಕೋತಾರೆ. ಬೇಡ ಅನ್ನೋದು ಹೇಗೆ?

ಕೇಳಿಸಿಕೊಳ್ಳುವವರು ಸಿಗುವುದು ಕಷ್ಟ, ಅದಕ್ಕೇ ಸಿಕ್ಕವರನ್ನು ಜನ ಬಿಡುವುದಿಲ್ಲ. ಪೂರ್ತಿ ಬೇಡ ಅನ್ನುವುದು ನಿಮ್ಮ ಸ್ವಭಾವಕ್ಕೆ ಆಗದ ಮಾತು. ಹೊತ್ತು ಗೊತ್ತು ಮಾಡಬಹುದು. "ಅಕ್ಕಾ, ಈಗ ಕುಕ್ಕರ್ ಇಟ್ಟಿದ್ದೀನಿ, ಹತ್ತು ನಿಮಿಷ ಮಾತಾಡ್ತೀನಿ" ಅಂತ ಮೊದಲೇ ಅಂದರೆ ಯಾರೂ ಬೇಜಾರು ಮಾಡಿಕೊಳ್ಳುವುದಿಲ್ಲ. ಒಂದು ಗಂಟೆ ಕೇಳಿ ಆಮೇಲೆ ತಪ್ಪಿಸಿಕೊಳ್ಳಲು ಹೊರಟರೆ ಬೇಜಾರಾಗುತ್ತದೆ.

ಇನ್ನೊಂದು ಮಾತು ಬಹಳ ಉಪಯೋಗ. "ಸುಮ್ನೆ ಕೇಳಿಸ್ಕೊಳ್ಲಾ, ಇಲ್ಲಾ ಏನಾದ್ರೂ ಮಾಡಬೇಕಾ?" ಅಂತ ಮೊದಲೇ ಕೇಳಿ. ಹತ್ತರಲ್ಲಿ ಎಂಟು ಜನಕ್ಕೆ ಬರೀ ಹೇಳಿಕೊಳ್ಳಬೇಕಿರುತ್ತದೆ. ಅವರ ಅತ್ತೆಯ ಜಗಳಕ್ಕೆ ನೀವು ರಾತ್ರಿಯಿಡೀ ಪರಿಹಾರ ಹುಡುಕುತ್ತಾ ಹೊರಳಾಡುತ್ತಿರುತ್ತೀರಿ, ಅವರು ಅತ್ತೆ ಜೊತೆ ಕೂತು ಧಾರಾವಾಹಿ ನೋಡುತ್ತಿರುತ್ತಾರೆ.

ಹೊರಗೆ ಎಲ್ಲರ ಹತ್ತಿರ ತಾಳ್ಮೆ, ಮನೆಯಲ್ಲಿ ಮಾತ್ರ ರೇಗ್ತೀನಿ. ಯಾಕೆ?

ಊರಿಗೆ ಉಪಕಾರಿ, ಮನೆಗೆ ಮಾರಿ ಅಂತ ಇದಕ್ಕೇ ಹೇಳಿದ್ದು. ಇಡೀ ದಿನ ಬೇರೆಯವರ ಮುಖ ಓದಿ ಓದಿ ಸಾಕಾಗಿರುತ್ತದೆ, ಮನೆಗೆ ಬಂದಾಗ ಮಗು "ಅಮ್ಮಾ" ಅಂದರೂ ತಡೆಯುವುದಿಲ್ಲ. ಬಂದ ಕೂಡಲೇ ಹದಿನೈದು ನಿಮಿಷ ಯಾರ ಜೊತೆಯೂ ಮಾತಿಲ್ಲ ಅಂತ ಮನೆಯವರಿಗೆ ಮೊದಲೇ ಹೇಳಿಡಿ. ಸ್ನಾನ ಮಾಡಿ, ಗಿಡಕ್ಕೆ ನೀರು ಹಾಕಿ, ಏನೋ ಒಂದು. ಫೋನ್ ಮಾತ್ರ ಬೇಡ, ಅದರಲ್ಲಿ ಇನ್ನೂ ನೂರು ಜನರ ಮುಖ ಇರುತ್ತದೆ.

ನಾನು ನರ್ಸ್. ರೋಗಿಗಳ ನೋವು ಈಗೀಗ ತಟ್ಟುವುದೇ ಇಲ್ಲ. ಕಲ್ಲಾಗಿಬಿಟ್ಟೆನಾ?

ಇಲ್ಲ, ಸುಸ್ತಾಗಿದ್ದೀರಿ. ನರ್ಸ್, ಆಶಾ ಕಾರ್ಯಕರ್ತೆ, ಟೀಚರ್, ಹಾಸಿಗೆ ಹಿಡಿದ ಅಪ್ಪನನ್ನು ನೋಡಿಕೊಳ್ಳುವ ಮಗಳು, ಎಲ್ಲರಿಗೂ ಬರುವಂಥದ್ದು ಇದು. ಮನಶ್ಶಾಸ್ತ್ರದವರು ಇದನ್ನು ಕಂಪ್ಯಾಶನ್ ಫಟೀಗ್ (ಕರುಣೆಯ ಸುಸ್ತು) ಅನ್ನುತ್ತಾರೆ. 1990ರ ದಶಕದಲ್ಲಿ ಈ ಮಾತು ಮೊದಲು ಓಡಾಡಿದ್ದೇ ನರ್ಸ್‌ಗಳ ವಿಷಯದಲ್ಲಿ.

ಇಲ್ಲಿ ಮತ್ತೆ ಸಿಂಗರ್ ಅವರ ಕೆಲಸ ನೆನಪಾಗುತ್ತದೆ. ಫ್ರಾನ್ಸಿನಲ್ಲಿ ಹುಟ್ಟಿ ಬೌದ್ಧ ಸನ್ಯಾಸಿಯಾದ ಮ್ಯಾಥ್ಯೂ ರಿಕಾರ್ ಅವರನ್ನು ಸ್ಕ್ಯಾನರಿನಲ್ಲಿ ಮಲಗಿಸಿ, ಬೇರೆಯವರ ನೋವನ್ನು ಬರೀ ಅನುಭವಿಸಿ, ಬೇರೆ ಏನೂ ಬೇಡ ಅಂದರು. ಎಷ್ಟೋ ವರ್ಷ ಧ್ಯಾನ ಮಾಡಿದ ಆ ಮನುಷ್ಯನಿಗೂ ಸ್ವಲ್ಪ ಹೊತ್ತಿಗೆ ತಡೆಯಲಾಗಲಿಲ್ಲ. ಆಮೇಲೆ ಅದೇ ನೋವಿನ ಮುಂದೆ ಕರುಣೆ ತಂದುಕೊಳ್ಳಿ ಅಂದಾಗ ಹಗುರಾದರು. ಸಿಂಗರ್ ಸಂಶೋಧಕಿ ಓಲ್ಗಾ ಕ್ಲಿಮೆಕಿ ಜೊತೆ ಸೇರಿ ಸಾಮಾನ್ಯ ಜನರಿಗೂ ಇದೇ ತರಬೇತಿ ಕೊಟ್ಟು ನೋಡಿದರು. ನೋವನ್ನು ಬರೀ ಹೀರಿಕೊಳ್ಳುವುದನ್ನು ಕಲಿತಾಗ ಜನ ಕುಗ್ಗಿದರು. ಅವರಿಗೇ ಕರುಣೆಯ ತರಬೇತಿ ಕೊಟ್ಟ ಮೇಲೆ ಚೇತರಿಸಿಕೊಂಡರು. ಮಿದುಳಿನಲ್ಲಿ ಕೆಲಸ ಮಾಡಿದ ಜಾಗಗಳೂ ಬೇರೆ ಬೇರೆ.

ವಾರ್ಡಿನಲ್ಲಿ ಧ್ಯಾನಕ್ಕೆ ಯಾರಿಗೆ ಪುರುಸೊತ್ತು? ದಿಂಬು ಸರಿ ಮಾಡುವಾಗ "ಅಜ್ಜಿ, ಈ ಕಡೆ ತಿರುಗಿದ್ರೆ ಆರಾಮಾ?" ಅಂತ ಕೇಳುವುದೂ ಅದೇ ಕರುಣೆ. ಆದರೆ ಡಬಲ್ ಡ್ಯೂಟಿ ಹಾಕಿ, ರಜೆ ಕೊಡದೆ, "ಸೇವಾ ಮನೋಭಾವ ಇರಲಿ" ಅನ್ನುವ ಆಡಳಿತಕ್ಕೆ ಇದು ನೆಪ ಆಗಬಾರದು. ಸುಸ್ತಿಗೆ ಮೊದಲ ಔಷಧ ರಜೆ.

ಅಳುವವರನ್ನು ಕಂಡರೆ ದುಡ್ಡು ಕೊಟ್ಟುಬಿಡ್ತೀನಿ. ತಪ್ಪಾ?

ಕೊಡುವುದು ತಪ್ಪಲ್ಲ. ಕಣ್ಣ ಮುಂದೆ ಅಳುವವರಿಗೆ ಮಾತ್ರ ಕೊಡುತ್ತೇವೆ, ಮೂಲೆಯಲ್ಲಿ ಸುಮ್ಮನಿರುವವರು ಮರೆತು ಹೋಗುತ್ತಾರೆ, ತೊಂದರೆ ಅದು. ಮನಶ್ಶಾಸ್ತ್ರಜ್ಞ ಡೇನಿಯಲ್ ಬ್ಯಾಟ್ಸನ್ ತಂಡ 1995ರಲ್ಲಿ ಇದನ್ನು ತೋರಿಸಿತು. ಶೆರಿ ಅನ್ನುವ 10 ವರ್ಷದ ಹುಡುಗಿ, ವಾಸಿಯಾಗದ ಕಾಯಿಲೆ, ಸೌಲಭ್ಯಕ್ಕೆ ಕಾಯುವವರ ಪಟ್ಟಿಯಲ್ಲಿ ಹಿಂದೆ ಇದ್ದಾಳೆ. (ಕಥೆ ಪ್ರಯೋಗಕ್ಕಾಗಿ ಕಟ್ಟಿದ್ದು.) ಅವಳನ್ನು ಪಟ್ಟಿಯಲ್ಲಿ ಮೇಲಕ್ಕೆ ತರುತ್ತೀರಾ ಅಂತ ಕೇಳಿದಾಗ, ವಿಷಯವನ್ನು ದೂರದಿಂದ ನೋಡಿ ಅಂತ ಹೇಳಿಸಿಕೊಂಡವರಲ್ಲಿ ಮೂರರಲ್ಲಿ ಒಬ್ಬರು ಹೂಂ ಅಂದರು. ಅವಳ ಮನಸ್ಸು ಹೇಗಿರಬಹುದು ಊಹಿಸಿ ಅಂತ ಹೇಳಿಸಿಕೊಂಡವರಲ್ಲಿ ಮುಕ್ಕಾಲು ಪಾಲು ಹೂಂ ಅಂದರು. ಅವಳಿಗಿಂತ ಮುಂದೆ ಕಾಯುತ್ತಿದ್ದ ಮಕ್ಕಳ ಕಥೆ ಯಾರೂ ಕೇಳಿರಲಿಲ್ಲ, ಅಲ್ವಾ?

ಸಾಲ ಕೇಳಿಕೊಂಡು ಬಂದವರಿಗೆ "ನಾಳೆ ಹೇಳ್ತೀನಿ" ಅನ್ನುವುದು ನಮ್ಮಂಥವರು ಕಲಿಯಲೇಬೇಕಾದ ಮಾತು. ನಾಳೆಯೂ ಕೊಡಬೇಕು ಅನಿಸಿದರೆ ಕೊಡಿ.

ಗಂಡಸರಿಗೆ ಇದೆಲ್ಲ ಕಡಿಮೆ ಅಲ್ವಾ?

ನಮ್ಮಲ್ಲಿ ಹೆಂಗರುಳಿನ ಗಂಡಸರಿಗೆ ಕೊರತೆ ಇಲ್ಲ. ಬಾಯಿಬಿಟ್ಟು ಹೇಳುವುದಿಲ್ಲ, ಅಷ್ಟೇ. ಮಗಳನ್ನು ಕಳಿಸಿಕೊಡುವ ಹೊತ್ತಿಗೆ ಎಷ್ಟು ಅಪ್ಪಂದಿರು ಅಡುಗೆಯವರ ಲೆಕ್ಕ ನೋಡುವ ನೆಪದಲ್ಲಿ ಕಲ್ಯಾಣ ಮಂಟಪದ ಹಿಂದೆ ಹೋಗುತ್ತಾರೆ ನೋಡಿ. 2001ರಲ್ಲಿ ಪ್ರಕಟವಾದ ಒಂದು ಪ್ರಯೋಗ ನನಗೆ ಇಷ್ಟ. ಎದುರಿನವರ ಮನಸ್ಸನ್ನು ಸರಿಯಾಗಿ ಊಹಿಸಿದರೆ ದುಡ್ಡು ಕೊಡುತ್ತೇವೆ ಅಂದಾಗ ಗಂಡಸರೂ ಹೆಂಗಸರಷ್ಟೇ ಸರಿಯಾಗಿ ಹೇಳಿದರು. ಮನಸ್ಸು ಮಾಡಿದರೆ ಬರುತ್ತದೆ ಅಂತಾಯಿತು.

ಮಗ ಸಣ್ಣದಕ್ಕೂ ಅಳ್ತಾನೆ. ಗಟ್ಟಿ ಮಾಡೋದು ಹೇಗೆ?

ಅಳುಮುಂಜಿ ಅಂತ ಕರೆದರೆ ಗಟ್ಟಿಯಾಗುವುದಿಲ್ಲ, ಅಡಗಿಸಿ ಅಳಲು ಕಲಿಯುತ್ತಾನೆ. ಸೂಕ್ಷ್ಮ ಮಕ್ಕಳಿಗೆ ಕೆಟ್ಟದ್ದು ಜಾಸ್ತಿ ತಟ್ಟುವ ಹಾಗೆ ಒಳ್ಳೆಯದೂ ಜಾಸ್ತಿ ತಟ್ಟುತ್ತದೆ. ಇಂಗ್ಲೆಂಡಿನ ಬಡ ಪ್ರದೇಶವೊಂದರ ಶಾಲೆಯಲ್ಲಿ 11 ವರ್ಷದ ಹುಡುಗಿಯರಿಗೆ ಖಿನ್ನತೆ ಬರದಂತೆ ತಡೆಯುವ ಪಾಠಗಳನ್ನು ಮಾಡಿದರು. ಅದರ ಫಲಿತಾಂಶ 2015ರಲ್ಲಿ ಬಂತು. ಪಾಠದಿಂದ ಲಾಭ ಆದದ್ದು ಜಾಸ್ತಿ ಸೂಕ್ಷ್ಮ ಇದ್ದ ಹುಡುಗಿಯರಿಗೆ. ಉಳಿದವರಿಗೆ ಹೇಳಿಕೊಳ್ಳುವಂಥ ಬದಲಾವಣೆ ಇರಲಿಲ್ಲ. ನಿಮ್ಮ ಮಗನಿಗೆ, ತನಗೆ ಏನಾಗುತ್ತಿದೆ ಅಂತ ಹೇಳಲು ಮಾತು ಕಲಿಸಿ: "ಅವನು ಬಿದ್ದಿದ್ದಕ್ಕೆ ನಿನಗೆ ಹೆದರಿಕೆ ಆಯ್ತಾ? ಹೋಗಿ ನೀರು ಕೊಡೋಣ ಬಾ."

ಆಟಿಸಂ ಇರುವವರಿಗೆ ಬೇರೆಯವರ ಭಾವನೆ ಗೊತ್ತಾಗಲ್ಲವಂತೆ?

ಹಳೆಯ ಮಾತು, ಅನ್ಯಾಯದ ಮಾತೂ ಹೌದು. ಸ್ವತಃ ಆಟಿಸಂ ಇರುವ ಬ್ರಿಟನ್ನಿನ ಸಂಶೋಧಕ ಡೇಮಿಯನ್ ಮಿಲ್ಟನ್ 2012ರಲ್ಲೇ ಇದಕ್ಕೆ ಉತ್ತರ ಕೊಟ್ಟರು. ಅವರಿಗೆ ನಾವು ಅರ್ಥ ಆಗದಿದ್ದರೆ, ನಮಗೂ ಅವರು ಅರ್ಥ ಆಗುವುದಿಲ್ಲ. ತಪ್ಪನ್ನು ಒಂದೇ ಕಡೆ ಬರೆದಿಟ್ಟಿದ್ದೇವೆ.

"ನೀನು ಎಂಪಾತ್, ಜನರ ನೆಗೆಟಿವ್ ಎನರ್ಜಿ ಹೀರ್ಕೋತೀಯ" ಅಂತ ಒಬ್ಬರು ಹೇಳಿ ಕಲ್ಲಿನ ಬ್ರೇಸ್‌ಲೆಟ್ ಕೊಟ್ಟರು.

ಚೆನ್ನಾಗಿ ಕಂಡರೆ ಹಾಕಿಕೊಳ್ಳಿ. ದುಡ್ಡು ಕೊಟ್ಟು ಇನ್ನೊಂದು ತೆಗೆದುಕೊಳ್ಳಬೇಡಿ.

ಯಾವಾಗ ಡಾಕ್ಟರ ಹತ್ತಿರ ಹೋಗಬೇಕು?

ನಿದ್ದೆ, ಊಟ, ಕೆಲಸ ಎರಡು ವಾರದಿಂದ ಕೆಟ್ಟಿದ್ದರೆ. ಜನರ ನಡುವೆ ಹೋಗುವುದನ್ನೇ ಬಿಟ್ಟಿದ್ದರೆ. ಬದುಕು ಸಾಕು ಅನಿಸಿದರೆ ಆ ದಿನವೇ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416 ಹಗಲೂ ರಾತ್ರಿ ಇರುತ್ತದೆ, ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು. ಸೂಕ್ಷ್ಮ ಸ್ವಭಾವಕ್ಕೆ ಅಂತ ಮಾತ್ರೆ ಇಲ್ಲ. ಅದರ ಜೊತೆ ಖಿನ್ನತೆಯೋ ಆತಂಕವೋ ಸೇರಿಕೊಂಡಿದ್ದರೆ ಅದಕ್ಕೆ ಇದೆ.

ನನ್ನ ಹೆಂಡತಿ ಹೀಗೇ. ನಾನೇನು ಮಾಡಲಿ?

ಮುಖ ಊದಿಸಿಕೊಂಡು ಬಂದು "ಏನಿಲ್ಲ" ಅನ್ನಬೇಡಿ. ನಿಮಗೆ ಏನೋ ಆಗಿದೆ ಅಂತ ಅವರಿಗೆ ಆಗಲೇ ಗೊತ್ತಾಗಿದೆ. ಏನು ಅಂತ ಗೊತ್ತಾಗಿಲ್ಲ, ಹಾಗಾಗಿ ತಪ್ಪು ತಮ್ಮದೇ ಇರಬೇಕು ಅಂತ ಬೆಳಗಿನಿಂದ ಆಡಿದ ಮಾತನ್ನೆಲ್ಲ ತಿರುವಿ ಹಾಕುತ್ತಿರುತ್ತಾರೆ. "ಆಫೀಸಲ್ಲಿ ಜಗಳ ಆಯ್ತು. ನಿನ್ನ ಮೇಲೆ ಏನೂ ಇಲ್ಲ. ಅರ್ಧ ಗಂಟೆ ಬಿಡು, ಆಮೇಲೆ ಹೇಳ್ತೀನಿ" ಅನ್ನಿ. ಅರ್ಧ ಗಂಟೆ ಆದ ಮೇಲೆ ನಿಜವಾಗಿಯೂ ಹೇಳಿ.